ತಂಗುದಾಣದೊಳಗಿನ ಕತ್ತೆಗಳು

ಮೊಳಕಾಲ್ಮೂರಿನಲ್ಲಿ ನನ್ನ ಅಪ್ಪ ರೇಷ್ಮೆ ಸೀರೆಗಳ ಅಂಚಿಗೆ ನಕ್ಷೆ ಬರೆಯುತ್ತಿದ್ದರು. ಸಣ್ಣ ಸಣ್ಣ ಚೌಕಗಳಿರುವ ದೊಡ್ಡ ಹಾಳೆಯ ಮೇಲೆ ನವಿಲು, ಹಂಸ, ಮಾವಿನಕಾಯಿ ಎಲ್ಲವೂ ಚುಕ್ಕೆ ಚುಕ್ಕೆಯಾಗಿ ಮೂಡುತ್ತಿದ್ದವು; ನೇಕಾರರು ಅದನ್ನು ನೋಡಿಕೊಂಡು ಮಗ್ಗಕ್ಕೆ ಹೊಂದಿಸಿಕೊಳ್ಳುತ್ತಿದ್ದರು. ಕೈ ಬೇಸತ್ತಾಗ ಅಪ್ಪ ಹಾಳೆ ಮಗುಚಿ, ಎದುರಿಗೆ ಕೂತು ಮಾತಾಡುತ್ತಿದ್ದ ವ್ಯಾಪಾರಿಯ ಮುಖ ಬರೆಯುತ್ತಿದ್ದರು. ಮೂಗು ಇದ್ದದ್ದಕ್ಕಿಂತ ಒಂದು ಗೇಣು ಉದ್ದ, ಹೊಟ್ಟೆ ಇದ್ದದ್ದಕ್ಕಿಂತ ಒಂದು ಸುತ್ತು ದಪ್ಪ. ಅವ್ವ ಒಳಗಿನಿಂದ ಬಂದು ನೋಡಿ, ಅನ್ನ ಕೊಡುವವರನ್ನೇ ಹೀಗೆ ಬರೆಯುತ್ತೀರಲ್ಲ ಎಂದು ಬೈಯುತ್ತಿದ್ದಳು. ಆಮೇಲೆ ತಾನೇ ಸೆರಗು ಬಾಯಿಗಿಟ್ಟುಕೊಂಡು ನಗುತ್ತಿದ್ದಳು.

ಒಮ್ಮೆ ಒಬ್ಬ ವ್ಯಾಪಾರಿ ನಕ್ಷೆ ತೆಗೆದುಕೊಂಡು ಹೋಗುವಾಗ ಹಾಳೆಯ ಹಿಂಬದಿ ನೋಡಿಬಿಟ್ಟರು. ಹಾಳೆ ಸುತ್ತಿಕೊಂಡು ಹೊರಟುಹೋದರು. ಆ ದೀಪಾವಳಿಯವರೆಗೂ ನಮ್ಮ ಮನೆ ಕಡೆ ಸುಳಿಯಲಿಲ್ಲ. ಅವ್ವ ದಿನವೂ ಅಪ್ಪನನ್ನು ದುರುಗುಟ್ಟಿಕೊಂಡು ನೋಡುತ್ತಿದ್ದಳು. ಹಬ್ಬದ ಮಾರನೆಯ ದಿನ ಅವರೇ ಸಿಹಿ ಹಿಡಿದು ಬಂದು, ಆ ಚಿತ್ರವನ್ನು ಹೆಂಡತಿಗೆ ತೋರಿಸಿದ್ದಾಗಿಯೂ, ಅವಳು ಇದಕ್ಕಿಂತ ನಿಮ್ಮ ಮುಖ ಇನ್ನೇನು ಚೆನ್ನಾಗಿದೆ ಎಂದು ಕೇಳಿದ್ದಾಗಿಯೂ ಹೇಳಿದರು. ಅಂದು ಸಂಜೆ ಅಪ್ಪ ನನ್ನನ್ನು ಪಕ್ಕಕ್ಕೆ ಕೂರಿಸಿಕೊಂಡರು. ನಾನಾಗಲೇ ಶಾಲೆಯ ಗೋಡೆಗಳ ಮೇಲೆ ಮೇಷ್ಟರುಗಳನ್ನು ಬರೆಯಲು ಶುರುಮಾಡಿದ್ದೆ.

"ಅಮ್ಮಾಯಿ, ಮುಖ ಎಷ್ಟು ಬೇಕಾದ್ರೂ ಎಳಿ, ಮನೆತನ ಎಳೀಬೇಡ" ಎಂದರು. "ಮುಖ ಅವನೊಬ್ಬನ್ದು. ಮನೆತನ ಅಂದ್ರೆ ಅದ್ರಾಗೆ ಹೆಂಗಸ್ರು ಮಕ್ಳು ಎಲ್ಲಾ ಇರ್ತಾರೆ."

ನನ್ನನ್ನು ಚಳ್ಳಕೆರೆಗೆ ಕೊಟ್ಟರು. ಗಂಡನಿಗೆ ಬಸ್ ನಿಲ್ದಾಣದ ಹತ್ತಿರ ಪುಸ್ತಕ, ಪೆನ್ನು, ಜೆರಾಕ್ಸ್ ಅಂಗಡಿ. ನಾನು ಒಂದು ಖಾಸಗಿ ಶಾಲೆಯಲ್ಲಿ ಡ್ರಾಯಿಂಗ್ ಟೀಚರಾದೆ. ಶಾಲೆಯ ವಾರ್ಷಿಕೋತ್ಸವಕ್ಕೆ ಆಹ್ವಾನ ಪತ್ರಿಕೆ ಅಚ್ಚು ಹಾಕಿಸಲು ಹೋದಾಗಲೇ ಸಾಹೇಬರ ಪರಿಚಯವಾದದ್ದು. ಹಳೆಯ ಪೇಟೆಯಲ್ಲಿ ಅವರದೊಂದು ಪ್ರೆಸ್ಸು. ಮದುವೆ ಕಾರ್ಡು, ರಸೀದಿ ಪುಸ್ತಕ, ಚುನಾವಣೆ ಬಂದಾಗ ಕರಪತ್ರ. ಇದರ ಜೊತೆಗೆ ವಾರಕ್ಕೊಮ್ಮೆ ನಾಲ್ಕು ಪುಟದ ಪತ್ರಿಕೆ. ಮನೆಯಲ್ಲಿ ಉರ್ದು ಮಾತಾಡುವ ಸಾಹೇಬರು ಸಂಪಾದಕೀಯಕ್ಕೆ ಕೂತರೆಂದರೆ 'ತತ್ಸಂಬಂಧವಾಗಿ', 'ಖೇದಕರ ಸಂಗತಿ' ಎಂಬಂಥ ಕನ್ನಡ ಬರೆಯುತ್ತಿದ್ದರು. ಅಂದು ಅವರ ಮಷಿನ್ನು ಕಾಗದ ನುಂಗಿಕೊಂಡು ಕೂತಿತ್ತು. ಸಾಹೇಬರು ಅದಕ್ಕೆ ಮಕ್ಕಳಿಗೆ ಬುದ್ಧಿ ಹೇಳಿದ ಹಾಗೆ ಹೇಳುತ್ತಿದ್ದರು. ಕಾಯುತ್ತ ಕೂತ ನಾನು ಅದನ್ನೇ ಒಂದು ರದ್ದಿ ಹಾಳೆಯ ಮೇಲೆ ಬರೆದೆ. ಅವರು ಕನ್ನಡಕ ಮೇಲೇರಿಸಿ ಬಹಳ ಹೊತ್ತು ನೋಡಿದರು. ಇದನ್ನು ಈ ವಾರ ಹಾಕಲೇ ಎಂದು ಕೇಳಿದರು.

ಹೀಗೆ ನಾನು ವ್ಯಂಗ್ಯಚಿತ್ರ ಬರೆಯುವವಳಾದೆ. ಚಿತ್ರದ ಕೆಳಗೆ ಹೆಸರು ಹಾಕುತ್ತಿರಲಿಲ್ಲ. ಹೆದರಿಕೆ ಅದಕ್ಕೆ ಕಾರಣವಲ್ಲ. ಶಾಲೆಯ ಕೆಲಸ ಇದ್ದದ್ದರಿಂದ ಹಾಗೆ ಮಾಡಿದೆವು. ಆದರೂ ಚಳ್ಳಕೆರೆಯಂಥ ಊರಿನಲ್ಲಿ ಇಂಥದ್ದು ಎಷ್ಟು ದಿನ ಮುಚ್ಚಿಟ್ಟರೂ ಮುಚ್ಚಿಡದ ಹಾಗೆಯೇ. ತರಕಾರಿ ಮಾರುವವಳು ಒಂದು ದಿನ ನನಗೆ ಈರುಳ್ಳಿ ತೂಗುತ್ತ, ಮುಂದಿನ ವಾರ ಸಂತೆ ಮೈದಾನದ ಕೊಚ್ಚೆ ಬರೀರಿ ಮೇಡಂ ಎಂದಳು. ಬರೆದೆ. ಕೊಚ್ಚೆಯಲ್ಲಿ ತೆಪ್ಪ ಹಾಕಿಕೊಂಡು ಈರುಳ್ಳಿ ಮಾರುವವಳ ಚಿತ್ರ. ಅದಾದ ಮೇಲೆ ಅಲ್ಲಿಗೆ ಎರಡು ಟ್ರ್ಯಾಕ್ಟರ್ ಮಣ್ಣು ಬಿತ್ತು. ನನ್ನ ಚಿತ್ರದಿಂದಲೇ ಬಿತ್ತೆಂದು ಸಾಹೇಬರು ನಂಬಿದರು. ನಾನು ಅಷ್ಟು ನಂಬಲಿಲ್ಲ, ಆದರೆ ಆ ಹೆಂಗಸು ಅಂದಿನಿಂದ ನನಗೆ ಹಿಡಿ ಕೊತ್ತಂಬರಿ ಜಾಸ್ತಿ ಹಾಕುತ್ತಾಳೆ.

ಮನೆಯಲ್ಲಿ ತೊಡಕಿದ್ದದ್ದು ಮಾವನವರ ವಿಷಯದಲ್ಲಿ. ನನ್ನ ಮಾವ ಹುಟ್ಟಾ ಪಕ್ಷದ ಮನುಷ್ಯ. ನಮ್ಮ ಭಾಗದ ಒಬ್ಬ ಮುಖಂಡರ ಮೊದಲ ಚುನಾವಣೆಯಿಂದಲೂ ಅವರ ಜೊತೆಗಿದ್ದವರು. ಗೋಡೆಗೆ ಪೋಸ್ಟರ್ ಅಂಟಿಸಿದವರು, ತಳಕಿನಿಂದ ಪರಶುರಾಂಪುರದವರೆಗೆ ಅವರ ಪರವಾಗಿ ಮನೆಮನೆ ಹತ್ತಿಳಿದವರು. ಅವರ ಬಾಯಲ್ಲಿ ಆ ಮುಖಂಡರು ಯಾವತ್ತಿಗೂ 'ನಮ್ಮ ಲೀಡ್ರು'. ನನ್ನ ಚಿತ್ರಗಳನ್ನು ತಾವು ನೋಡುವುದೇ ಇಲ್ಲ ಎಂಬಂತೆ ಇರುತ್ತಿದ್ದರು. ಆದರೆ ಪತ್ರಿಕೆ ಬಂದ ದಿನ ರಾಗಿಮುದ್ದೆ ಮುರಿಯುತ್ತ, ಯಾರಿಗೂ ಅಲ್ಲದಂತೆ ಹೇಳುತ್ತಿದ್ದರು: ನಮ್ಮ ಲೀಡ್ರು ವಾಚು ಬಲಗೈಗೆ ಕಟ್ಟೋದು, ಕೆಲವರು ಎಡಗೈಗೆ ಬರೀತಾರೆ. ಮುಂದಿನ ಸಲ ನಾನು ಬಲಗೈಗೆ ಕಟ್ಟುತ್ತಿದ್ದೆ. ಯಾರು ಯಾರ ಮೇಲೆ ಮುನಿಸಿಕೊಂಡಿದ್ದಾರೆ, ಯಾವ ಸಭೆಯಲ್ಲಿ ಯಾರಿಗೆ ಕುರ್ಚಿ ಸಿಗಲಿಲ್ಲ ಎಂಬ ಸುದ್ದಿಯೆಲ್ಲ ನನಗೆ ಅವರ ಊಟದ ತಟ್ಟೆಯ ಎದುರೇ ಸಿಗುತ್ತಿತ್ತು. ಅರ್ಧದಷ್ಟು ಚಿತ್ರಗಳು ಅವರದೇ ಎನ್ನಬೇಕು. ಅದನ್ನು ಅವರಿಗೆ ಹೇಳುವ ಧೈರ್ಯ ನಮಗ್ಯಾರಿಗೂ ಇರಲಿಲ್ಲ.

ಒಂದು ಬೇಸಿಗೆಯಲ್ಲಿ ಪರಶುರಾಂಪುರದ ರಸ್ತೆಯ ಒಂದು ಹಳ್ಳಿಯ ಬಳಿ ಬಸ್ ತಂಗುದಾಣ ಆಯಿತು. ಹಸಿರು ಬಣ್ಣ, ಗ್ರಾನೈಟಿನ ಕಟ್ಟೆ, ಮುಂದುಗಡೆ ಮುಖಂಡರ ಭಾವಚಿತ್ರ. ಆದರೆ ಬಸ್ಸು ನಿಲ್ಲುವುದು ಅದರಿಂದ ಆಚೆಗಿರುವ ಬೇವಿನ ಮರದ ಹತ್ತಿರ. ಊರೊಳಗಿನ ದಾರಿ ಬಂದು ರಸ್ತೆಗೆ ಸೇರುವುದೇ ಅಲ್ಲಿ. ಹಾಗಾಗಿ ಜನರೆಲ್ಲ ಮರದ ಕೆಳಗೇ ನಿಲ್ಲುತ್ತಿದ್ದರು, ತಂಗುದಾಣ ಖಾಲಿ. ಒಂದು ದಿನ ಬಸ್ಸಿನಲ್ಲಿ ಹೋಗುವಾಗ ನೋಡುತ್ತೇನೆ, ಕುರಿ ಹಿಂಡಿನ ಜೊತೆ ಸಾಮಾನು ಹೊರುವ ಎರಡು ಕತ್ತೆಗಳು ಆ ತಂಗುದಾಣದ ನೆರಳಿನಲ್ಲಿ ತಣ್ಣಗೆ ನಿಂತಿವೆ. ಮರದ ಕೆಳಗೆ ಜನ ಬಿಸಿಲಿಗೆ ಸೆರಗು, ಟವೆಲ್ಲು ಹೊದ್ದು ಒತ್ತೊತ್ತಾಗಿ ನಿಂತಿದ್ದಾರೆ. ನಾನು ಏನನ್ನೂ ಕಲ್ಪಿಸಬೇಕಾಗಿಯೇ ಇರಲಿಲ್ಲ. ಕಂಡದ್ದಕ್ಕೆ ಮುಖಂಡರನ್ನು ಸೇರಿಸಿದೆ, ಅಷ್ಟೇ. ಅವರು ರಿಬ್ಬನ್ ಕತ್ತರಿಸುತ್ತಿದ್ದಾರೆ. ಒಳಗಿನಿಂದ ಒಂದು ಕತ್ತೆ, "ಬರ್ರಿ, ಒಳಗೆ ಜಾಗ ಬೇಕಾದಷ್ಟೈತೆ" ಎನ್ನುತ್ತಿದೆ. ಚಿತ್ರದ ಇನ್ನೊಂದು ತುದಿಯಲ್ಲಿ ಮರ, ಜನ, ದೂಳೆಬ್ಬಿಸಿಕೊಂಡು ಬರುತ್ತಿರುವ ಬಸ್ಸು.

ಪತ್ರಿಕೆ ಬಂದ ದಿನ ಎಲ್ಲರೂ ನಕ್ಕರು. ಮುಖಂಡರೂ ನಕ್ಕರೆಂದು ಸುದ್ದಿ ಬಂತು. ಮಾವ ಮಾತ್ರ ಮುದ್ದೆ ಮುರಿಯುವಾಗ ಮುಖ ಗಂಟಿಕ್ಕಿಕೊಂಡಿದ್ದರು. ಆ ತಂಗುದಾಣ ಮಂಜೂರು ಮಾಡಿಸಲು ತಾವೂ ಓಡಾಡಿದ್ದಾಗಿ ಹೇಳಿದರು. ಬಸ್ಸು ನಿಲ್ಲದಿದ್ದರೆ ಅದು ಬಸ್ಸಿನವರ ತಪ್ಪು ಎಂದರು. ವಾಚಿನ ವಿಷಯ ಎತ್ತಲಿಲ್ಲ. ನನಗೆ ಅದೇ ಜಾಸ್ತಿ ಚುಚ್ಚಿತು.

ಎರಡು ದಿನ ಬಿಟ್ಟು ನನ್ನ ಗಂಡ ಅಂಗಡಿಯಿಂದ ಫೋನು ಹಿಡಿದುಕೊಂಡೇ ಬಂದರು. ವಾಟ್ಸಾಪಿನಲ್ಲಿ ನನ್ನ ಚಿತ್ರ ಓಡಾಡುತ್ತಿತ್ತು, ಆದರೆ ಅರ್ಧ ಮಾತ್ರ. ಮರ, ಜನ, ಬಸ್ಸು ಇದ್ದ ಭಾಗವನ್ನು ಯಾರೋ ಕತ್ತರಿಸಿ ತೆಗೆದಿದ್ದರು. ಉಳಿದದ್ದು ಮುಖಂಡರು, ಅವರ ಎದುರಿಗೆ ಕತ್ತೆಗಳು. ಮೇಲೆ ದಪ್ಪಕ್ಷರದಲ್ಲಿ, ನಮ್ಮ ನಾಯಕರಿಗೆ ಓಟು ಹಾಕಿದವರೆಲ್ಲ ಕತ್ತೆಗಳಂತೆ ಎಂದು ಬರೆದು, ಕೆಳಗೆ ಪತ್ರಿಕೆಯ ಹೆಸರು, ಸಾಹೇಬರ ಹೆಸರು ಹಾಕಿದ್ದರು. ಆ ಹೆಸರಿನ ಮುಂದೆ ಅವರ ಜಾತಿ ಧರ್ಮ ಎಳೆದು ತಂದ ಮಾತುಗಳೂ ಇದ್ದವು. ಅವನ್ನು ನಾನು ಇಲ್ಲಿ ಬರೆಯುವುದಿಲ್ಲ.

ಅಂದು ಮಧ್ಯಾಹ್ನವೇ ಒಂದಷ್ಟು ಯುವಕರು ಬೈಕುಗಳಲ್ಲಿ ಪ್ರೆಸ್ಸಿಗೆ ಬಂದರು. ಹೊರಗಿದ್ದ ಬೋರ್ಡು ಕಿತ್ತು ಹಾಕಿದರು, ಉಳಿದಿದ್ದ ಪತ್ರಿಕೆಗಳನ್ನು ರಸ್ತೆಗೆ ತಂದು ಸುಟ್ಟರು, ಬಾಗಿಲಿಗೆ ಕಪ್ಪು ಬಣ್ಣ ಬಳಿದರು. ಚಿತ್ರ ಬರೆದವರು ಯಾರೆಂದು ಕೇಳಿದರಂತೆ. ನಾನು ಸುದ್ದಿ ತಿಳಿದು ಓಡಿಹೋದಾಗ ಸಾಹೇಬರು ಒಳಗೆ ಕೂತು, ಬನಿಯನ್ನಿಗೆ ಬಿದ್ದ ಬಣ್ಣವನ್ನು ಸೀಮೆಎಣ್ಣೆ ಬಟ್ಟೆಯಲ್ಲಿ ಉಜ್ಜುತ್ತಿದ್ದರು.  ನನ್ನ ಹೆಸರು ಹೇಳಿದಿರಾ ಎಂದು ಕೇಳಿದೆ.

"ಪೇಪರ್ ನಂದು, ತಸ್ವೀರೂ ನಂದೇ ಅಂದೆ, ಬೇಟಿ" ಎಂದರು. "ನೀನು ಮನೆಗೆ ಹೋಗು. ಇದು ನಾಲ್ಕು ದಿನದ ಗಾಳಿ."

ಮನೆಗೆ ಬರುವ ದಾರಿಯುದ್ದಕ್ಕೂ ನನಗೆ ಅದೇ ಯೋಚನೆ. ಬರೆದವಳು ನಾನು. ಊರಿನ ಅರ್ಧ ಜನಕ್ಕೆ ಅದು ಗೊತ್ತು. ಆದರೂ ಯಾರೂ ನಮ್ಮ ಮನೆಗೆ ಬರಲಿಲ್ಲ. ಮಾವನ ಹೆಸರು, ನಮ್ಮ ಮನೆತನ, ನಮ್ಮ ನೆಂಟರಿಷ್ಟರು ನನ್ನ ಸುತ್ತ ಗೋಡೆಯ ಹಾಗೆ ನಿಂತಿದ್ದವು. ಸಾಹೇಬರಿಗೆ ಅಂಥ ಗೋಡೆ ಇರಲಿಲ್ಲ. ಒಂದು ಗೆರೆಯ ಬೆಲೆಯನ್ನು ಎಳೆದವರೇ ತೆರುತ್ತಾರೆಂದು ನಾನು ತಿಳಿದುಕೊಂಡಿದ್ದೆ. ಹಾಗೇನೂ ಇಲ್ಲ, ಯಾರು ಸುಲಭಕ್ಕೆ ಸಿಗುತ್ತಾರೋ ಅವರಿಂದ ವಸೂಲಾಗುತ್ತದೆ.

ಮಾರನೆಯ ಬೆಳಿಗ್ಗೆ ಸಾಹೇಬರಿಗೆ ಪೊಲೀಸ್ ಸ್ಟೇಷನ್ನಿಗೆ ಬರಲು ಹೇಳಿಕಳಿಸಿದರೆಂದು ಗೊತ್ತಾಯಿತು. ನಾನೂ ಹೋಗುತ್ತೇನೆ, ಚಿತ್ರ ನನ್ನದೆಂದು ಹೇಳುತ್ತೇನೆ ಎಂದೆ. ನನ್ನ ಗಂಡ, ಅಂಗಡಿ ಮುಚ್ಚಿ ಬರುತ್ತೇನೆ ಎಂದರು. ಆಗ ಮಾವ ಒಳಗಿನಿಂದ ಬಂದರು. ಇಸ್ತ್ರಿ ಮಾಡಿದ ಬಿಳಿ ಪಂಚೆ, ಬಿಳಿ ಅಂಗಿ, ಹೆಗಲ ಮೇಲೆ ಪಕ್ಷದ ಶಾಲು. ಸಭೆಗೆ ಹೋಗುವಾಗಿನ ವೇಷ.

"ಅಂಗ್ಡಿ ತೆಗ್ದಿರ್ಲಿ. ನಾನು ಹೋಗ್ತೀನಿ ಸೊಸೆ ಜೊತೆ" ಎಂದರು. ಆಮೇಲೆ ನನ್ನ ಕಡೆ ತಿರುಗಿ, "ಪೂರ್ತಿ ಚಿತ್ರ ತಗಂಡ್ಯೇನವ್ವಾ? ಕತ್ತರ್ಸಿದ್ದಲ್ಲ, ಪೂರ್ತಿದು" ಎಂದು ಕೇಳಿದರು.

ಸ್ಟೇಷನ್ನಿನಲ್ಲಿ ಮಹಿಳಾ ಪೊಲೀಸ್ ಒಬ್ಬರು ನನಗೆ ಕುರ್ಚಿ ಹಾಕಿದರು. ಸಾಹೇಬರು ಬೆಂಚಿನ ಮೇಲೆ ಕೂತಿದ್ದರು. ಮಾವ ಹೋಗಿ ಅವರ ಪಕ್ಕದಲ್ಲಿ ಕೂತರು. ಅಷ್ಟು ವರ್ಷ ಒಂದೇ ಊರಿನಲ್ಲಿದ್ದೂ ಅವರಿಬ್ಬರೂ ಒಂದೇ ಬೆಂಚಿನ ಮೇಲೆ ಕೂತದ್ದನ್ನು ನಾನು ಕಂಡಿರಲಿಲ್ಲ. ಅಧಿಕಾರಿ ಕರಾವಳಿ ಕಡೆಯವರು, ಚಿಕ್ಕ ವಯಸ್ಸು. ಚಿತ್ರ ನನ್ನದೆಂದು ನಾನು ಹೇಳಿದಾಗ ಅವರಿಗೆ ಆಶ್ಚರ್ಯವಾದ ಹಾಗೆ ಕಂಡಿತು. ಇದರ ಅರ್ಥವೇನು, ವಿವರಿಸಿ ಎಂದರು.

ನಗೆಯನ್ನು ವಿವರಿಸುವುದರಷ್ಟು ಕಷ್ಟದ ಕೆಲಸ ಇನ್ನೊಂದಿಲ್ಲ. ನಾನು ಮೂಲ ಹಾಳೆಯನ್ನು ಅವರ ಮೇಜಿನ ಮೇಲೆ ಬಿಡಿಸಿಟ್ಟೆ. ಅವರು ಫೋನಿನಲ್ಲಿದ್ದ ಅರ್ಧ ಚಿತ್ರವನ್ನು ಅದರ ಪಕ್ಕ ಇಟ್ಟುಕೊಂಡು ನೋಡಿದರು. ಮರದ ಕೆಳಗಿನ ಜನರ ಮೇಲೆ ಬೆರಳಿಟ್ಟು ಇವರು ಯಾರೆಂದು ಕೇಳಿದರು. ಓಟು ಹಾಕಿದವರು ಸರ್, ಬಸ್ಸಿಗೆ ಕಾಯುತ್ತಿದ್ದಾರೆ ಎಂದೆ.

"ಹಾಗಾದರೆ ಈ ಕತ್ತೆಗಳು?"

"ಅವು ಕತ್ತೆಗಳೇ ಸರ್. ನೆರಳಿಗೆ ಬಂದು ನಿಂತಿದ್ದವು, ನಾನೇ ನೋಡಿದ್ದೇನೆ."

ಅಧಿಕಾರಿ ಕೈಯನ್ನು ಬಾಯಿಗೆ ಅಡ್ಡ ಹಿಡಿದು ಕೆಮ್ಮಿದರು. ಕುರ್ಚಿ ಹಾಕಿಕೊಟ್ಟ ಮಹಿಳಾ ಪೊಲೀಸ್ ಮುಖ ಗೋಡೆಯ ಕಡೆ ತಿರುಗಿಸಿಕೊಂಡಿದ್ದರು. ಆಮೇಲೆ ಅಧಿಕಾರಿ ಗಂಭೀರವಾದರು. ಇದರಲ್ಲಿ ತಪ್ಪಿಲ್ಲದಿರಬಹುದು, ಆದರೆ ಊರಿನಲ್ಲಿ ಗಲಾಟೆ ಎದ್ದರೆ ಬೆಂಕಿ ಆರಿಸಬೇಕಾದವರು ನಾವು ಎಂದರು. ಯಾರ ಮನಸ್ಸಿಗಾದರೂ ನೋವಾಗಿದ್ದರೆ ವಿಷಾದಿಸುತ್ತೇವೆ ಎಂದು ಎರಡು ಸಾಲು ಹಾಕಿಬಿಡಿ, ವಿಷಯ ಇಲ್ಲಿಗೇ ಮುಗಿಯಲಿ ಎಂದರು. ಬಾಗಿಲಿಗೆ ಬಣ್ಣ ಬಳಿದವರ ಮಾತನ್ನು ಅವರು ಎತ್ತಲಿಲ್ಲ. ಮಾವ ಎತ್ತಿದರು. ಅದರ ಬಗ್ಗೆ ದೂರು ಕೊಡುವುದಿದ್ದರೆ ಕೊಡಿ ಎಂದು ಅಧಿಕಾರಿ ಹೇಳಿದಾಗ, ಸಾಹೇಬರು ಬೇಡವೆಂದು ತಲೆಯಾಡಿಸಿದರು.

ಹೊರಗೆ ಬಂದ ಮೇಲೆ ನಾನು ಸಾಹೇಬರ ಜೊತೆ ಜಗಳವಾಡಿದೆ. ತಪ್ಪು ಮಾಡದೆ ಏಕೆ ವಿಷಾದಿಸಬೇಕು ಎಂದೆ. ಅವರು ನನ್ನ ಮಾತು ಮುಗಿಯುವವರೆಗೂ ಕೇಳಿಸಿಕೊಂಡರು.

"ಎರಡು ಸಾಲು ಹಾಕಿದ್ರೆ ಪೇಪರ್ ಸಣ್ಣದಾಗಲ್ಲ ಬೇಟಿ. ಪೇಪರ್ರೇ ನಿಂತ್ರೆ ನೀನು ಎಲ್ಲಿ ಬರೀತೀಯಾ, ನಾನು ಎಲ್ಲಿ ಬರೀಲಿ?"

ಆ ವಾರ ಎರಡು ಸಾಲು ಬಂದವು. ಅದರ ಮೇಲೆ ನನ್ನ ಪೂರ್ತಿ ಚಿತ್ರವನ್ನು ಸಾಹೇಬರು ಮೊದಲಿಗಿಂತ ದೊಡ್ಡದಾಗಿ, ಅರ್ಧ ಪುಟಕ್ಕೆ ಹಾಕಿದ್ದರು. ಯಾವ ಚಿತ್ರದ ಬಗ್ಗೆ ವಿಷಾದವೆಂದು ಓದುಗರಿಗೆ ತಿಳಿಯಬೇಡವೇ ಎಂದು ಮುಗ್ಧರಂತೆ ನನ್ನನ್ನೇ ಕೇಳಿದರು. ಆ ಎರಡು ಸಾಲು ಸರಿಯೋ ತಪ್ಪೋ ನಾನು ಇವತ್ತಿಗೂ ತೀರ್ಮಾನ ಮಾಡಿಲ್ಲ.

ಸ್ಟೇಷನ್ನಿನಿಂದ ಮಾವ ನನ್ನ ಜೊತೆ ಮನೆಗೆ ಬಂದಿರಲಿಲ್ಲ. ನೇರ ಮುಖಂಡರ ಮನೆಗೆ ಹೋಗಿದ್ದರು. ಅಲ್ಲಿ ನಡೆದದ್ದನ್ನು ಅವರು ಒಂದೇ ಸಲ ಹೇಳಿದರು, ಅದೂ ನನ್ನ ಗಂಡ ಒತ್ತಾಯ ಮಾಡಿದ ಮೇಲೆ. ಮುಖಂಡರು ಕಾಫಿ ತರಿಸಿದರಂತೆ. ಹುಡುಗರು ಅಭಿಮಾನದಲ್ಲಿ ಏನೋ ಮಾಡಿದ್ದಾರೆ, ತಮಗೆ ಚಿತ್ರದಿಂದ ಬೇಜಾರಿಲ್ಲ ಎಂದರಂತೆ. ಮಾವ ಕಾಫಿ ಮುಟ್ಟದೆ, "ನಿಮಗೆ ಬೇಜಾರಿಲ್ಲ ಅನ್ನೋದನ್ನ ನಿಮ್ಮ ಹುಡುಗ್ರಿಗೆ ಒಂದು ಮಾತು ಹೇಳಿದ್ರೆ ಸಾಕಿತ್ತು. ಆ ಮುದುಕನ ಬಾಗ್ಲಿಗೆ ಯಾಕೆ ಬಣ್ಣ ಬಳೀಬೇಕಿತ್ತು?" ಎಂದು ಕೇಳಿದರಂತೆ. ಅಷ್ಟು ಹೇಳಿ ಎದ್ದು ಬಂದರಂತೆ. 

ಮಾರನೆಯ ದಿನದಿಂದ ಮಾವ ಒಂದು ಕೆಲಸ ಹಿಡಿದರು. ಬೆಳಿಗ್ಗೆ ತಿಂಡಿ ತಿಂದು, ಅದೇ ಬಿಳಿ ಬಟ್ಟೆ, ಶಾಲು ಹಾಕಿಕೊಂಡು ಪ್ರೆಸ್ಸಿಗೆ ಹೋಗುವುದು. ಬಾಗಿಲ ಎದುರು, ಕಪ್ಪು ಬಣ್ಣ ಇನ್ನೂ ಪೂರ್ತಿ ಹೋಗದ ಜಾಗದಲ್ಲಿ ಒಂದು ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಪೇಪರ್ ಓದುತ್ತ ಕೂರುವುದು. ಬೈಕಿನ ಯುವಕರು ಒಂದೆರಡು ಸಲ ಆ ಬೀದಿಗೆ ಬಂದರು. ಮಾವ ಪೇಪರ್ ಇಳಿಸಿ, ಏನ್ಲೇ, ಅಪ್ಪ ಚೆನ್ನಾಗವ್ನಾ ಎಂದು ಒಬ್ಬೊಬ್ಬರನ್ನೂ ವಿಚಾರಿಸಿದರಂತೆ. ಅವರಲ್ಲಿ ಹೆಚ್ಚಿನವರ ಅಪ್ಪಂದಿರು ಮಾವನ ಜೊತೆ ಪೋಸ್ಟರ್ ಅಂಟಿಸಿದವರೇ. ಆಮೇಲೆ ಅವರು ಬರುವುದು ನಿಂತಿತು.

ನಷ್ಟ ಆಗಲಿಲ್ಲವೆಂದಲ್ಲ. ಆ ಸೀಸನ್ನಿನಲ್ಲಿ ಮದುವೆ ಕಾರ್ಡಿನ ಕೆಲಸ ಕಡಿಮೆಯಾಯಿತು. ಜಾಹೀರಾತು ಕೊಡುತ್ತಿದ್ದ ಇಬ್ಬರು ಅಂಗಡಿಯವರು, ಸ್ವಲ್ಪ ದಿನ ಹೋಗಲಿ ಸಾಹೇಬ್ರೆ ಎಂದರು. ಸಾಹೇಬರ ಹೆಂಡತಿ ಮಗಳ ಮನೆಗೆ ಹೋಗಿ ಒಂದು ತಿಂಗಳು ಅಲ್ಲೇ ಇದ್ದು ಬಂದರು. ನಾನೂ ಬರೆಯಲಾಗದೆ ಕೂತೆ. ಪೆನ್ನು ಹಿಡಿದರೆ, ಈ ಗೆರೆಯನ್ನು ಎಲ್ಲಿಂದ ಕತ್ತರಿಸಿದರೆ ಏನರ್ಥ ಬರಬಹುದು ಎಂಬುದೇ ತಲೆಗೆ ಬರುತ್ತಿತ್ತು. ಮುಖಗಳೆಲ್ಲ ಸೌಮ್ಯವಾಗಿ, ಮೂಗುಗಳೆಲ್ಲ ಅಳತೆಯಲ್ಲಿ ಬರತೊಡಗಿದವು. ಹರಿದು ಹಾಕುತ್ತಿದ್ದೆ. ಸಾಹೇಬರು ಒಂದು ಸಲವೂ ಕೇಳಲಿಲ್ಲ. ನನ್ನ ಚಿತ್ರದ ಜಾಗದಲ್ಲಿ ಶೇಂಗಾ, ಈರುಳ್ಳಿಯ ಮಾರುಕಟ್ಟೆ ಧಾರಣೆ ಹಾಕತೊಡಗಿದರು.

ಹೀಗೆ ಕೆಲವು ವಾರ ಕಳೆದ ಮೇಲೆ ಒಂದು ದಿನ ಮಾವ ಪತ್ರಿಕೆಯನ್ನು ಮಡಚಿ ನನ್ನ ಮುಂದೆ ಇಟ್ಟರು.

"ಈರುಳ್ಳಿ ರೇಟು ನಂಗೆ ಮಂಡಿಯಾಗೇ ಗೊತ್ತಾಗ್ತೈತೆ" ಎಂದರು. "ಅದನ್ನ ಓದೋಕೆ ನಾನು ಬಿಸ್ಲಾಗೆ ಕುರ್ಚಿ ಹಾಕ್ಕಂಡು ಕುಂತಿದ್ನಾ?"

ಅವ್ವ ಬೈಯುತ್ತಿದ್ದ ಹಾಗೆಯೇ ಬೈದರು. ನನಗೆ ಅಳುವೂ ನಗುವೂ ಒಟ್ಟಿಗೇ ಬಂತು. ಅಂದೇ ಸಂಜೆ ಕೂತು ಬರೆದೆ. ಏನು ಬರೆದೆನೆಂಬುದು ಈಗ ಮುಖ್ಯವಲ್ಲ, ಅಷ್ಟೇನೂ ಚೆನ್ನಾಗಿಯೂ ಇರಲಿಲ್ಲ. ಆದರೆ ಮೂಗು ಉದ್ದವಾಗಿ ಬಂದಿತ್ತು.

ಈಗ ಒಂದು ಬದಲಾವಣೆ ಮಾಡಿಕೊಂಡಿದ್ದೇನೆ. ಚಿತ್ರದ ಕೆಳಗೆ ನನ್ನ ಹೆಸರನ್ನು ಪೂರ್ತಿ ಬರೆಯುತ್ತೇನೆ. ಶಾಲೆಯಲ್ಲಿ ಮುಖ್ಯೋಪಾಧ್ಯಾಯರು ಕರೆದು ಕೇಳಿದರು. ಹೇಳಿದೆ. ಅವರು ಯೋಚಿಸಿ, ಶಾಲೆಯ ವಿಷಯ ಮಾತ್ರ ಬರೆಯಬೇಡಿ ಎಂದರು. ಒಪ್ಪಿಕೊಂಡೆ. ಮುಖಂಡರು ಒಂದು ಮದುವೆಯಲ್ಲಿ ಸಿಕ್ಕಿದ್ದರು. ನನ್ನನ್ನು ಕರೆದು, ನನ್ನ ಹೊಟ್ಟೆ ಅಷ್ಟು ದಪ್ಪ ಐತೇನಮ್ಮಾ ಎಂದು ಕೇಳಿದರು. ಸುತ್ತಲಿದ್ದವರೆಲ್ಲ ನಕ್ಕರು, ನಾನೂ ನಕ್ಕೆ. ಅವರು ಕೆಟ್ಟ ಮನುಷ್ಯರಲ್ಲ. ಆದರೂ ಅವರು ಅವತ್ತು ಆ ಹುಡುಗರಿಗೆ ಮಾಡಬಹುದಾಗಿದ್ದ, ಮಾಡದೇ ಉಳಿದ ಒಂದು ಫೋನ್ ಕರೆ ನನಗೆ ನೆನಪಾಯಿತು.  ಬಸ್ಸು ಈಗಲೂ ಮರದ ಹತ್ತಿರವೇ ನಿಲ್ಲುತ್ತದೆ.

ಮಾವ ಇನ್ನೂ ಅದೇ ಪಕ್ಷದಲ್ಲಿದ್ದಾರೆ. ಗಲಾಟೆ ಮುಗಿದು ಎಷ್ಟೋ ಕಾಲವಾದರೂ ಬೆಳಗಿನ ಹೊತ್ತು ಪ್ರೆಸ್ಸಿಗೆ ಹೋಗುವುದನ್ನು ಬಿಟ್ಟಿಲ್ಲ. ಕುರ್ಚಿ ಮಾತ್ರ ಬಾಗಿಲಿಂದ ಒಳಗೆ ಹೋಗಿದೆ. ಸಾಹೇಬರ ಮನೆಯಿಂದ ಎರಡು ಲೋಟ ಚಹಾ ಬರುತ್ತದೆ. ಮೊನ್ನೆ ನಾನು ಚಿತ್ರ ಕೊಡಲು ಹೋದಾಗ ಇಬ್ಬರೂ ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ವಾದ ಮಾಡುತ್ತಿದ್ದರು. ವಿರೋಧ ಪಕ್ಷದವರ ಮೇಲೆ ಬರೆದ ಚಿತ್ರ. ಮೂಗು ಇನ್ನೂ ಉದ್ದ ಇರಬೇಕಿತ್ತು ಎಂದು ಮಾವ, ಇಷ್ಟೇ ಜಾಸ್ತಿಯಾಯಿತು ಎಂದು ಸಾಹೇಬರು. ನನ್ನನ್ನು ಇಬ್ಬರೂ ಏನೂ ಕೇಳಲಿಲ್ಲ. ಅವರ ಜಗಳ ಮುಗಿಯುವವರೆಗೆ ನಾನು ಕಾಗದದ ಬಂಡಲಿನ ಮೇಲೆ ಕೂತು ಚಹಾ ಕುಡಿದೆ.